ಹುಡುಗರ ಆಟ, ಹುಡುಗಿಯರ ಆಟ: ಒಂದೇ ಸಂಘ ಸಾಧ್ಯವಿಲ್ಲವೇ?

ವಾಣಿವಿಲಾಸ ಸಾಗರ 1933ರ ನಂತರ 2022ರಲ್ಲಿ ಕೋಡಿ ಬಿದ್ದಾಗ, ಮತ್ತೆ 2025ರ ಜನವರಿಯಲ್ಲಿ ತುಂಬಿದಾಗ, ಹಿರಿಯೂರಿನ ಹೆಸರು ಪತ್ರಿಕೆಗಳ ಮುಖಪುಟಕ್ಕೆ ಬಂತು. ಬರ ಬಂದರೆ ಸುದ್ದಿ, ನೀರು ಬಂದರೂ ಸುದ್ದಿ. ಇವೆರಡರ ನಡುವೆ ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆಯ ಯುವಜನರು ಸಂಜೆ ಏನು ಮಾಡುತ್ತಾರೆಂದು ಕೇಳುವವರು ಕಡಿಮೆ. 1988ರಲ್ಲಿ ರಚನೆಯಾದ ಶಿವಮೊಗ್ಗ ಧರ್ಮಪ್ರಾಂತ್ಯಕ್ಕೆ ಸೇರಿದ ಈ ಜಿಲ್ಲೆಯಲ್ಲಿ ಕರಾವಳಿಯಿಂದ ಹೋದ ಗುರುಗಳೂ ಧರ್ಮಭಗಿನಿಯರೂ ಸೇವೆ ಸಲ್ಲಿಸಿದ್ದಾರೆ. ಆದ್ದರಿಂದ ಈ ಪ್ರಶ್ನೆ ನಮ್ಮ ಓದುಗರಿಗೂ ಸಂಬಂಧಿಸಿದ್ದೇ.

ಕರಾವಳಿಯ ಧರ್ಮಕೇಂದ್ರಗಳಲ್ಲಿ ಪಂದ್ಯಾಟವೆಂದರೆ ಹುಡುಗರಿಗೆ ವಾಲಿಬಾಲ್, ಹುಡುಗಿಯರಿಗೆ ತ್ರೋಬಾಲ್. ಎರಡೂ ಒಂದೇ ಭಾನುವಾರ, ಒಂದೇ ಚರ್ಚ್ ಮೈದಾನದಲ್ಲಿ. ಈ ತ್ರೋಬಾಲ್ 1940ರ ದಶಕದಲ್ಲಿ ವೈಎಂಸಿಎ ಮೂಲಕ ಮದ್ರಾಸಿನಲ್ಲಿ ಮಹಿಳೆಯರ ಆಟವಾಗಿ ಬೆಳೆದದ್ದು. ಅಣ್ಣನೂ ತಂಗಿಯೂ ಒಂದೇ ದಿನ ಆಡಿ ಒಟ್ಟಿಗೆ ಮನೆಗೆ ಹೋಗುವುದು ನಮಗೆ ಎಷ್ಟು ಸಹಜವೆಂದರೆ, ಅದರ ಬೆಲೆ ನಮಗೆ ಗೊತ್ತಾಗುವುದಿಲ್ಲ.

ಬಯಲುಸೀಮೆಯ ಕತೆ ಬೇರೆ. ಅಲ್ಲಿ ಹವ್ಯಾಸಿ ಕ್ರೀಡೆಯ ಇತಿಹಾಸವೆಂದರೆ ಬಹುಮಟ್ಟಿಗೆ ಯುವಕ ಸಂಘಗಳ ಇತಿಹಾಸ. 1960ರ ಸಂಘಗಳ ನೋಂದಣಿ ಕಾಯಿದೆ ಬಂತು, 1972ರಲ್ಲಿ ನೆಹರು ಯುವ ಕೇಂದ್ರಗಳು ಆರಂಭವಾದವು, ಹಳ್ಳಿಹಳ್ಳಿಗಳಲ್ಲಿ ಸಂಘಗಳ ಫಲಕ ಎದ್ದವು. ಆದರೆ ಯುವಕರಿಗೊಂದು ಸಂಘ, ಯುವತಿಯರಿಗೆ ಪ್ರತ್ಯೇಕ ಮಂಡಳಿ. ಕಬಡ್ಡಿ, ವಾಲಿಬಾಲ್, ಈಚೆಗೆ ಟೆನಿಸ್ ಬಾಲ್ ಕ್ರಿಕೆಟ್ ಯುವಕರ ಪಾಲಾಯಿತು. ಯುವತಿ ಮಂಡಳಿಗೆ ಹೊಲಿಗೆ, ರಂಗೋಲಿ, ರಾಷ್ಟ್ರೀಯ ಹಬ್ಬದ ದಿನ ಒಂದು ಗಾಯನ ಸ್ಪರ್ಧೆ. ಹೋಬಳಿ ಮಟ್ಟದ ಶಾಲಾ ಕ್ರೀಡಾಕೂಟದಲ್ಲಿ ಖೋ-ಖೋ ಅಂಗಳದಲ್ಲಿ ಗಾಳಿಯಂತೆ ಓಡುವ ಹುಡುಗಿ ಹತ್ತನೆಯ ತರಗತಿ ಮುಗಿಸಿದ ಮೇಲೆ ಎಲ್ಲಿ ಓಡಬೇಕು? ಕೆಲವರು ಬೆಂಗಳೂರಿನ ಗಾರ್ಮೆಂಟ್ಸ್‌ಗೆ ಬಸ್ಸು ಹತ್ತುತ್ತಾರೆ, ಕೆಲವರಿಗೆ ಮದುವೆ. ಊರಿನಲ್ಲೇ ಉಳಿದವರಿಗೂ ಆಡಲು ತಂಡವಿಲ್ಲ. ಜಿಲ್ಲಾ ಕ್ರೀಡಾಂಗಣಕ್ಕೆ ವೀರವನಿತೆ ಒನಕೆ ಓಬವ್ವಳ ಹೆಸರಿಟ್ಟಿದ್ದೇವೆ, ಅದು ಒಳ್ಳೆಯದೇ. ಓಬವ್ವಳ ಊರಿನ ಹೆಣ್ಣುಮಕ್ಕಳಿಗೆ ಹೆಸರಿನ ಜೊತೆ ಸಂಜೆ ಒಂದು ಗಂಟೆಯ ಜಾಗವೂ ಬೇಕು.

ಫುಟ್‌ಬಾಲ್ ಮತ್ತು ನೆಟ್‌ಬಾಲ್ ವಿಷಯದಲ್ಲಿ ಇನ್ನೊಂದು ತೊಡಕಿದೆ. ದಸರಾ ಕ್ರೀಡಾಕೂಟದಲ್ಲಿ ಕಬಡ್ಡಿ, ಖೋ-ಖೋ, ವಾಲಿಬಾಲ್, ತ್ರೋಬಾಲ್ ಸಾಮಾನ್ಯವಾಗಿ ತಾಲೂಕಿನಿಂದ ಶುರುವಾಗುತ್ತವೆ. ಫುಟ್‌ಬಾಲ್, ನೆಟ್‌ಬಾಲ್‌ಗಳಿಗೆ ಮೊದಲ ಮೆಟ್ಟಿಲೇ ಜಿಲ್ಲೆ. ಹೊಸದುರ್ಗ, ಹೊಳಲ್ಕೆರೆಯಲ್ಲಿ ತಂಡ ಕಟ್ಟಿದರೂ ಪಕ್ಕದ ಊರಿನ ಎದುರಾಳಿ ಸಿಗುವುದು ಕಷ್ಟ. ಎದುರಾಳಿಯಿಲ್ಲದ ತಂಡ ಎಷ್ಟು ದಿನ ಬಾಳೀತು? 1937ರಲ್ಲಿ ರೋವರ್ಸ್ ಕಪ್ ಗೆದ್ದ ಬೆಂಗಳೂರು ಮುಸ್ಲಿಮ್ಸ್ ತಂಡದಿಂದ ಹಿಡಿದು, 54 ವರ್ಷಗಳ ಬಳಿಕ 2023ರ ಮಾರ್ಚ್‌ನಲ್ಲಿ ರಿಯಾದ್‌ನಲ್ಲಿ ಮೇಘಾಲಯವನ್ನು 3-2ರಿಂದ ಸೋಲಿಸಿ ಸಂತೋಷ್ ಟ್ರೋಫಿ ತಂದ ಕರ್ನಾಟಕ ತಂಡದವರೆಗೆ, ನಮ್ಮ ಫುಟ್‌ಬಾಲ್ ಇತಿಹಾಸದ ಬೇರು ಬೆಂಗಳೂರಿನ ದಂಡಿನ ಪ್ರದೇಶದಲ್ಲಿದೆ. ಅಲ್ಲಿ ಬೀದಿಗೊಂದು ತಂಡವಿತ್ತು, ಲೀಗ್ ಇತ್ತು. ಆ ಲೀಗ್ ತುಮಕೂರು ದಾಟಿ ಹಿರಿಯೂರಿನ ಕಡೆಗೆ ಹೆದ್ದಾರಿ ಹಿಡಿಯಲಿಲ್ಲ.

ಇಲ್ಲಿ ಆಸ್ಟ್ರೇಲಿಯದ ವಿಕ್ಟೋರಿಯ ರಾಜ್ಯದ ಗ್ರಾಮಾಂತರ ಪ್ರದೇಶವನ್ನು ನೋಡಬೇಕು. ಅಲ್ಲಿನ ಫುಟ್‌ಬಾಲ್ ನಮ್ಮದಲ್ಲ, ಮೊಟ್ಟೆಯಾಕಾರದ ಚೆಂಡಿನ ಅವರದೇ ಆಟ. ಒಂದು ಕಾಲಕ್ಕೆ ಅದು ಗಂಡಸರ ಸಂಘ, ಹೆಂಗಸರ ಪಾಲಿಗೆ ಅಡುಗೆಮನೆ. ಯುವಕರು ಪಟ್ಟಣ ಸೇರಿ ಜನ ಕಡಿಮೆಯಾದಾಗ ಅನೇಕ ಲೀಗುಗಳು ನೆಟ್‌ಬಾಲನ್ನು ಸೇರಿಸಿಕೊಂಡು ಹೆಸರನ್ನೇ ‘ಫುಟ್‌ಬಾಲ್ ನೆಟ್‌ಬಾಲ್ ಲೀಗ್’ ಎಂದು ಬದಲಿಸಿದವು. 1990ರ ದಶಕದ ಕೊನೆಯಿಂದ 2009ರವರೆಗಿನ ಭೀಕರ ಬರದಲ್ಲಿ ಮೈದಾನಕ್ಕೆ ನೀರು ಹಾಯಿಸಲೂ ನಿರ್ಬಂಧವಿತ್ತು. ಅಂಥ ಕಾಲದಲ್ಲೂ ವಾರಕ್ಕೊಮ್ಮೆ ಇಡೀ ಕುಟುಂಬ ಬಂದು ಸೇರುವ ಜಾಗ ಸಂಘವೇ ಆಗಿತ್ತು. ಬರದ ಅನುಭವದಲ್ಲಿ ಚಿತ್ರದುರ್ಗದವರಿಗೆ ಅವರು ಅಪರಿಚಿತರಲ್ಲ.

ಇದನ್ನು ನಕಲು ಮಾಡಬೇಕೆಂದು ನಾವು ಹೇಳುತ್ತಿಲ್ಲ. ಫುಟ್‌ಬಾಲ್ ಬದಲು ಕಬಡ್ಡಿ, ನೆಟ್‌ಬಾಲ್ ಬದಲು ಖೋ-ಖೋ ಇದ್ದರೂ ನಡೆದೀತು. ಆದರೂ ನೆಟ್‌ಬಾಲ್ ಪರವಾಗಿ ಒಂದು ಮಾತು: ಅಂಗಳ 30.5 ಮೀಟರ್ ಉದ್ದ, 15.25 ಮೀಟರ್ ಅಗಲ, ಅಂದರೆ ಖೋ-ಖೋ ಅಂಗಳಕ್ಕಿಂತ ತುಸು ಉದ್ದ ಅಷ್ಟೇ. ಎರಡು ಕಂಬ, ಎರಡು ಬಳೆ, ಒಂದು ಚೆಂಡು. ಚೆಂಡನ್ನು ಪುಟಿಸುತ್ತ ಓಡುವಂತಿಲ್ಲವಾದ್ದರಿಂದ ಸಿಮೆಂಟು ನೆಲವಿಲ್ಲದ ಶಾಲಾ ಅಂಗಳದಲ್ಲೂ ಆಡಬಹುದು. ಹಿರಿಯೂರಿನಲ್ಲಾಗಲಿ ಹೊಳಲ್ಕೆರೆಯಲ್ಲಾಗಲಿ ಇದು ದುಬಾರಿಯಾಗದು.

ದುಬಾರಿಯಾಗುವುದು ಸಮಯ. ಸಂಜೆ ಐದರಿಂದ ಆರೂವರೆಯವರೆಗೆ ಹುಡುಗರ ಕೈಯಲ್ಲಿರುವ ಮೈದಾನದಲ್ಲಿ ವಾರಕ್ಕೆ ಮೂರು ದಿನ ಹುಡುಗಿಯರಿಗೆ ಬಿಟ್ಟುಕೊಡುವವರು ಯಾರು? ಶಾಲೆ ನಡೆಸುವ ನಮ್ಮ ಸಂಸ್ಥೆಗಳು ಇದನ್ನು ನಾಳೆಯೇ ಮಾಡಬಹುದು. ಹಳೆ ವಿದ್ಯಾರ್ಥಿನಿಯರಿಗೆ ಗೇಟು ತೆರೆದರೆ ಸಾಕು, ಸರ್ಕಾರದ ಆದೇಶ ಬೇಕಿಲ್ಲ. ಆಮೇಲೆ ಸಂಘ ನೋಂದಾಯಿಸುವಾಗ ಹುಡುಗ ಹುಡುಗಿಯರಿಗೆ ಒಂದೇ ಬೈಲಾ, ಒಂದೇ ಬ್ಯಾಂಕ್ ಖಾತೆ ಇರಲಿ. ಪದಾಧಿಕಾರಿಗಳಲ್ಲಿ ಅರ್ಧ ಹೆಣ್ಣುಮಕ್ಕಳಿರಲಿ. ಕಾಯಿದೆಯ ಪ್ರಕಾರ ಸಂಘ ಕಟ್ಟಲು ಹದಿನೆಂಟು ದಾಟಿದ ಏಳು ಜನ ಸಾಕು. ನೆಟ್‌ಬಾಲ್ ತಂಡಕ್ಕೂ ಏಳೇ ಜನ.