ಆಟದೊಳಗಣ ಹಬ್ಬಗಳು: ಗಾಳಿ ಬಂದಾಗ ತೂರಿಕೊಳ್ಳುವ ಬಗೆ

ಹಬ್ಬಕ್ಕೆ ಹಬ್ಬತನ ಬರುವುದು ಅದು ಮುಗಿದುಹೋಗುವುದರಿಂದಲೇ. ವರ್ಷವೆಲ್ಲ ದೀಪಾವಳಿಯಾದರೆ ಎಣ್ಣೆಯ ಖರ್ಚು ಹೆಚ್ಚುವುದಲ್ಲದೆ ಸಂತೋಷವೇನೂ ಹೆಚ್ಚದು. ಈ ಮರ್ಮವನ್ನು ನಮ್ಮ ಹಿರಿಯರು ಬಲ್ಲವರಾಗಿದ್ದರು. ಆನ್‌ಲೈನ್ ವಿಡಿಯೋ ಆಟಗಳನ್ನು ರಚಿಸುವವರೂ ಅದನ್ನು ಚೆನ್ನಾಗಿ ಬಲ್ಲರು. ಆದುದರಿಂದಲೇ ಈಗ ಎಷ್ಟೋ ಮನೆಗಳಲ್ಲಿ ಗೋಡೆಯ ಪಂಚಾಂಗವಲ್ಲದೆ, ಫೋನಿನೊಳಗೆ ಎರಡನೆಯ ಪಂಚಾಂಗವೊಂದು ನಡೆಯುತ್ತಿರುವುದು. “ಇನ್ನು ಮೂರೇ ದಿನ ಉಳಿದಿದೆ, ಅಪ್ಪ” ಎಂಬ ಮಾತು ಊಟದ ಹೊತ್ತಿನಲ್ಲಿ ಕೇಳಿಬರುವುದು. ಯಾವುದಕ್ಕೆ ಮೂರು ದಿನವೆಂಬುದು ತಂದೆಗೆ ತಿಳಿಯದು. ಅದು ತಂದೆಗೆ ಏಕೆ ತಿಳಿಯದೆಂಬುದು ಮಗನಿಗೆ ತಿಳಿಯದು. ಇಬ್ಬರ ನಡುವೆ ಅನ್ನ ಆರುತ್ತಿರುವುದು. ಮಕ್ಕಳ ಮಾತೇ ಏಕೆ, ಸಂಸಾರವಂದಿಗರಾದ ದೊಡ್ಡವರೂ ಈ ಆಟಗಳನ್ನು ಆಡುತ್ತಿರುವ ಕಾಲವಿದು. ಆದುದರಿಂದ ಈ ತಿಂಗಳು, ಆಟದೊಳಗಣ ಹಬ್ಬಗಳೆಂದರೇನು, ಅವುಗಳಿಂದ ಸಂತೋಷವನ್ನು ಪೂರ್ತಿಯಾಗಿ ಪಡೆದು ನಷ್ಟವನ್ನು ದೂರವಿಡುವುದು ಹೇಗೆ ಎಂಬುದನ್ನು ವಿಚಾರಮಾಡೋಣ.

ಉದಾಹರಣೆಗೆ, 2004ನೆಯ ಇಸವಿಯಲ್ಲಿ ಹೊರಟ ‘ವರ್ಲ್ಡ್ ಆಫ್ ವಾರ್‌ಕ್ರಾಫ್ಟ್’ ಎಂಬ ಆಟವನ್ನು ತೆಗೆದುಕೊಳ್ಳಬಹುದು. ಅದೊಂದು ಕಲ್ಪಿತ ಲೋಕ. ಅಲ್ಲಿ ಅಕ್ಟೋಬರ್ 18ರಿಂದ ನವಂಬರ್ 1ರವರೆಗೆ ‘ಹ್ಯಾಲೋಸ್ ಎಂಡ್’ ಎಂಬ ಭೂತಗಳ ಹಬ್ಬ. ಡಿಸೆಂಬರಿನ ನಡುವಿನಿಂದ ಹೊಸವರ್ಷದವರೆಗೆ ಚಳಿಗಾಲದ ಹಬ್ಬ. ಚೀನೀಯರ ಹೊಸವರ್ಷದ ಕಾಲಕ್ಕೆ ಚಾಂದ್ರೋತ್ಸವ. ಹಬ್ಬ ಬಂದಾಗ ಊರುಗಳು ಅಲಂಕೃತವಾಗುವುವು, ವಿಶೇಷವಾದ ಕೆಲಸಗಳು ತೆರೆಯುವುವು, ಬೇರೆ ಕಾಲದಲ್ಲಿ ದೊರೆಯದ ಉಡುಪು ವಾಹನಗಳು ಬಹುಮಾನವಾಗಿ ಬರುವುವು. ಹಬ್ಬ ಮುಗಿದೊಡನೆ ಎಲ್ಲವೂ ಮಾಯ. ಇದರ ಉದ್ದೇಶವೂ ಗುಟ್ಟಾದುದಲ್ಲ. ಆಡುವವನು ಬೇಸರಪಟ್ಟು ಆಟವನ್ನು ಮರೆಯಕೂಡದು, ಬಿಟ್ಟುಹೋದವನು ಹಿಂದಿರುಗಬೇಕು, ಸಾಧ್ಯವಾದರೆ ನಾಲ್ಕು ಕಾಸು ಬಿಚ್ಚಬೇಕು. ಜಾತ್ರೆಯಲ್ಲಿ ಅಂಗಡಿಯಿಡುವವನ ಉದ್ದೇಶವೂ ಇದಕ್ಕಿಂತ ಬೇರೆಯಲ್ಲ. ಹಾಗೆಂದು ನಾವು ಜಾತ್ರೆಗೆ ಹೋಗುವುದನ್ನು ಬಿಟ್ಟಿಲ್ಲ. ಗಂಟನ್ನು ಭದ್ರವಾಗಿ ಕಟ್ಟಿಕೊಂಡು ಹೋಗುವೆವು.

ಮೊದಲು ತಿಳಿಯಬೇಕಾದ ವಿಷಯವೆಂದರೆ, ‘ಈಗಲ್ಲದಿದ್ದರೆ ಎಂದಿಗೂ ಇಲ್ಲ’ ಎಂಬ ಮಾತು ಬಹುಮಟ್ಟಿಗೆ ನಿಜವಲ್ಲವೆಂಬುದು. ಇಂತಹ ಹಬ್ಬಗಳಲ್ಲಿ ಮೂರು ಬಗೆಗಳುಂಟು.

ಮೊದಲನೆಯದು ವರ್ಷವರ್ಷವೂ ಬರತಕ್ಕದ್ದು. ಮೇಲೆ ಹೇಳಿದ ಆಟದಲ್ಲಿ ವರ್ಷದ ಮುಖ್ಯ ಹಬ್ಬಗಳ ಸಾಧನೆಗಳನ್ನೆಲ್ಲ ಪೂರೈಸಿದವನಿಗೆ ನೇರಿಳೆ ಬಣ್ಣದ ಹಾರುವ ವಾಹನವೊಂದು ದೊರೆಯುವುದು. ಅದನ್ನು ಒಂದೇ ವರ್ಷದಲ್ಲಿ ಮುಗಿಸಬೇಕೆಂಬ ನಿಯಮವೇನೂ ಇಲ್ಲ. ಈ ವರ್ಷ ಪರೀಕ್ಷೆಯಿಂದ ತಪ್ಪಿದ ಹಬ್ಬವನ್ನು ಮುಂದಿನ ವರ್ಷ ಮಾಡಿದರೂ ಲೆಕ್ಕಕ್ಕೆ ಬರುವುದು.

ಎರಡನೆಯದು ಹೋದಂತೆ ಕಂಡರೂ ಬೇರೊಂದು ಬಾಗಿಲಿನಿಂದ ಹಿಂದಿರುಗತಕ್ಕದ್ದು. ‘ಪೋಕೆಮಾನ್ ಗೋ’ ಆಟದಲ್ಲಿ 2018ನೆಯ ಜನವರಿಯಿಂದ ತಿಂಗಳಿಗೊಮ್ಮೆ ‘ಕಮ್ಯುನಿಟಿ ಡೇ’ ನಡೆಯುತ್ತಿರುವುದು; ಅಂದು ಒಂದು ಜಾತಿಯ ಜೀವಿಯು ಹೇರಳವಾಗಿ ಕಾಣಿಸಿಕೊಳ್ಳುವುದು. ಆ ವರ್ಷದ ಜೀವಿಗಳು ಡಿಸೆಂಬರಿನಲ್ಲಿ ಮತ್ತೊಮ್ಮೆ ಒಟ್ಟಾಗಿ ಬರುವ ಪದ್ಧತಿಯೂ ಬೆಳೆದಿದೆ. 2022ರಿಂದ ಹಳೆಯ ದಿನಗಳನ್ನೇ ಪುನಃ ಆಚರಿಸುವ ಏರ್ಪಾಡು ಸಹ ಆಗಿದೆ. ‘ಫೋರ್ಟ್‌ನೈಟ್’ ಆಟದ ಕಂಪೆನಿಯವರು ಒಂದೊಂದು ಋತುವಿನ ಪಾಸಿನ ಉಡುಪುಗಳು ಮತ್ತೆ ದೊರೆಯವೆಂದು ಬಹುಕಾಲ ಸಾರುತ್ತಿದ್ದು, 2024ರಲ್ಲಿ ಆ ನಿಯಮವನ್ನು ಬದಲಾಯಿಸಿ, ಅಂದಿನಿಂದ ಬರುವ ಪಾಸುಗಳ ಉಡುಪುಗಳು 18 ತಿಂಗಳಾದ ಮೇಲೆ ಅಂಗಡಿಗೆ ಬರಬಹುದೆಂದು ತಿಳಿಸಿದರು. ‘ಎಂದಿಗೂ ಇಲ್ಲ’ ಎಂಬುದಕ್ಕೆ ಒಂದೂವರೆ ವರ್ಷದ ಆಯುಸ್ಸು!

ಮೂರನೆಯದು ಒಮ್ಮೆಯೇ ನಡೆದು ಮುಗಿಯತಕ್ಕದ್ದು. 2019ನೆಯ ಅಕ್ಟೋಬರ್ 13ರಂದು ಇದೇ ಫೋರ್ಟ್‌ನೈಟಿನ ದ್ವೀಪವೆಲ್ಲವೂ ಒಂದು ಕಪ್ಪು ಕುಳಿಯೊಳಕ್ಕೆ ಸೆಳೆದುಕೊಂಡುಹೋಯಿತು. ಸುಮಾರು ಎರಡು ದಿನಗಳ ಕಾಲ ಆಟವೇ ಇಲ್ಲ. ಆಡುವವರು ಆ ಕತ್ತಲೆಯನ್ನೇ ನೋಡುತ್ತ ಕುಳಿತಿದ್ದರು. ಬಳಿಕ ಹೊಸ ದ್ವೀಪವು ತೋರಿತು. 2020ನೆಯ ಏಪ್ರಿಲಿನಲ್ಲಿ ಟ್ರಾವಿಸ್ ಸ್ಕಾಟ್ ಎಂಬ ಗಾಯಕನ ಕಚೇರಿಯು ಅದೇ ಆಟದೊಳಗೆ ನಡೆದಾಗ 1 ಕೋಟಿ 20 ಲಕ್ಷಕ್ಕೂ ಮಿಕ್ಕಿದ ಜನರು ಏಕಕಾಲದಲ್ಲಿ ಕೂಡಿದ್ದರು. ಇಂತಹದಕ್ಕೆ ಮಗನು ಒಂದು ಗಂಟೆಯ ಅನುಮತಿ ಕೇಳಿದರೆ ಕೊಡುವುದೇ ಉಚಿತ. ಎಲ್ಲವನ್ನೂ ಇದೇ ಬಗೆಯದೆಂದು ತಿಳಿದು ಓಡುವುದರಿಂದಲೇ ಮನೆಯ ನೆಮ್ಮದಿ ಕೆಡುವುದು.

ಇನ್ನು ಹಬ್ಬದ ಸಿದ್ಧತೆ. ಗಾಳಿ ಬಂದಾಗ ತೂರಿಕೊಳ್ಳಬೇಕೆಂಬ ಗಾದೆಯನ್ನು ಎಲ್ಲರೂ ಹೇಳುವರು. ಆದರೆ ಗಾಳಿ ಬರುವ ಮುನ್ನವೇ ಕಣ ಸಾರಿಸಿ, ತೆನೆ ತುಳಿಸಿ, ಮೊರವನ್ನು ಕೈಯಲ್ಲಿ ಹಿಡಿದು ನಿಂತವನಿಗಷ್ಟೆ ಆ ಗಾಳಿಯು ಉಪಯೋಗಕ್ಕೆ ಬರುವುದು. ಪೋಕೆಮಾನ್ ಗೋ ಆಟದ ಕಮ್ಯುನಿಟಿ ಡೇ ಸಾಮಾನ್ಯವಾಗಿ ಆಯಾ ಊರಿನ ಗಡಿಯಾರದಂತೆ ಮಧ್ಯಾಹ್ನ 2ರಿಂದ 5ರವರೆಗೆ, ಅಂದರೆ ಮೂರೇ ಗಂಟೆ. ಹಿಂದಿನ ವಾರವೇ ಜೀವಿಗಳನ್ನು ಹಿಡಿಯುವ ಚೆಂಡುಗಳನ್ನು ಕೂಡಿಸಿಡಬೇಕು. ಹಿಡಿದುದನ್ನು ಇಡುವ ಸ್ಥಳಕ್ಕೆ ಮಿತಿಯುಂಟಾದುದರಿಂದ ಬೇಡವಾದುವನ್ನು ಹಿಂದಿನ ದಿನವೇ ಬಿಟ್ಟು ಜಾಗ ಮಾಡಬೇಕು. ಹಾಗೆ ಮಾಡದವನು ಹಬ್ಬದ ಅರ್ಧ ಗಂಟೆಯನ್ನು ಉಗ್ರಾಣ ಗುಡಿಸುವುದರಲ್ಲೇ ಕಳೆಯುವನು. ಫೋನಿಗೆ ಚಾರ್ಜು ತುಂಬಿಸಿ, ನೀರಿನ ಸೀಸೆ ತೆಗೆದುಕೊಂಡು, ಮರದ ನೆರಳಿರುವ ಉದ್ಯಾನವೊಂದನ್ನು ಮೊದಲೇ ಗೊತ್ತುಮಾಡಿಕೊಳ್ಳತಕ್ಕದ್ದು. ರಸ್ತೆ ದಾಟುವಾಗ ಕಣ್ಣು ರಸ್ತೆಯ ಮೇಲೆಯೇ ಇರಬೇಕು. ಸಾಮಾನ್ಯವಾಗಿ ಆ ಜೀವಿಯನ್ನು ಗೊತ್ತಾದ ವೇಳೆಯೊಳಗೆ ವಿಕಾಸಗೊಳಿಸಿದರೆ ವಿಶೇಷ ವಿದ್ಯೆಯೊಂದು ಅದಕ್ಕೆ ಬರುವುದಾದುದರಿಂದ, ಹಿಡಿಯುವುದರಲ್ಲೇ ಮೈಮರೆಯದೆ ಆ ಕೆಲಸಕ್ಕೂ ಸಮಯ ಉಳಿಸಿಕೊಳ್ಳಬೇಕು. ಮೂರು ಗಂಟೆಯಾದೊಡನೆ ಮನೆಗೆ ಬರುವುದು ಈ ಹಬ್ಬದ ಒಂದು ದೊಡ್ಡ ಗುಣ. ಇದೇ ಆಟದಲ್ಲಿ 2021ನೆಯ ನವಂಬರಿನಲ್ಲಿ, ನಮ್ಮ ದೀಪಾವಳಿಯ ಕಾಲಕ್ಕೆ ಹೊಂದಿಕೊಂಡು, ‘ದೀಪಗಳ ಹಬ್ಬ’ ಎಂಬ ಹೆಸರಿನ ಉತ್ಸವವೂ ಆರಂಭವಾಯಿತು.

ಎರಡು ಮೂರು ವಾರಗಳ ಹಬ್ಬಗಳಿಗೆ ಬೇಕಾದುದು ಕಾಲ್ನಡಿಗೆಯಲ್ಲ, ಲೆಕ್ಕ. ಇವುಗಳಲ್ಲಿ ದಿನದಿನದ ಕೆಲಸಕ್ಕೆ ಹಬ್ಬದ ಬಿಲ್ಲೆಗಳನ್ನು ಕೊಟ್ಟು, ಆ ಬಿಲ್ಲೆಗಳಿಗೆ ಹಬ್ಬದ ಅಂಗಡಿಯಲ್ಲಿ ವಸ್ತುಗಳನ್ನು ಮಾರುವುದು ರೂಢಿ. ಹಬ್ಬವು 14 ದಿನಗಳದು, ಮನಸ್ಸಿಗೆ ಬಂದ ಉಡುಪಿನ ಬೆಲೆ 600 ಬಿಲ್ಲೆ, ದಿನಕ್ಕೆ ದೊರೆಯುವುದು 60 ಎಂದಿಟ್ಟುಕೊಳ್ಳೋಣ. ಹತ್ತು ದಿನದ ಕೆಲಸವಾಯಿತು. ನಾಲ್ಕು ದಿನ ಬಿಡುವು. ಮದುವೆಗೆ ಹೋಗುವುದಕ್ಕೂ, ಜ್ವರ ಬಂದರೆ ಮಲಗುವುದಕ್ಕೂ ಆ ನಾಲ್ಕು ದಿನ ಸಾಕು. ಈ ಲೆಕ್ಕವನ್ನು ಮೊದಲ ದಿನವೇ ಒಂದು ಕಾಗದದ ಮೇಲೆ ಬರೆದರೆ ಕೊನೆಯ ರಾತ್ರಿಯ ನಿದ್ದೆಗೇಡು ತಪ್ಪುವುದು. ಕೊಳ್ಳುವಾಗ ಆ ಹಬ್ಬದಲ್ಲಿ ಮಾತ್ರ ದೊರೆಯುವ ವಸ್ತುವನ್ನು ಮೊದಲು ಕೊಳ್ಳಬೇಕು. ಎಲ್ಲ ಕಾಲದಲ್ಲಿಯೂ ದೊರೆಯುವ ಸಾಮಗ್ರಿಯನ್ನು ಬಿಲ್ಲೆ ಮಿಕ್ಕರೆ ಕೊಳ್ಳಬಹುದು. ಬಯಸಿದುದು ಕೈಸೇರಿದ ಮೇಲೆ ನಿಲ್ಲಿಸುವುದಕ್ಕೆ ನಾಚಬೇಕಾದುದಿಲ್ಲ. ಎಲೆಯ ಮೇಲಿನದೆಲ್ಲವನ್ನೂ ಮುಗಿಸಬೇಕೆಂಬ ನಿಯಮವು ಊಟಕ್ಕೆ ಸರಿ. ಅಂಗಡಿಯ ಪಟ್ಟಿಗೆ ಸಲ್ಲದು.

ದಿನದ ಕೆಲಸವು ಯಾವ ಗಳಿಗೆಯಲ್ಲಿ ಬದಲಾಗುವುದೆಂಬುದನ್ನು ಸಹ ತಿಳಿದಿರಬೇಕು. ವರ್ಷಕ್ಕೊಮ್ಮೆ ಲಾಂದ್ರಗಳ ಹಬ್ಬವನ್ನು ಆಚರಿಸುವ ‘ಗೆನ್‌ಶಿನ್ ಇಂಪ್ಯಾಕ್ಟ್’ ಆಟದ ಏಷ್ಯಾ ವಿಭಾಗದಲ್ಲಿ ಹೊಸ ದಿನವು ಚೀನದ ಗಡಿಯಾರದಂತೆ ಬೆಳಗಿನ 4 ಗಂಟೆಗೆ ಆರಂಭವಾಗುವುದು. ಅದು ನಮಗೆ ರಾತ್ರಿ 1-30. ಆ ಹೊತ್ತಿಗೆ ಎದ್ದು ಕೂರುವ ಮಕ್ಕಳಿರಬಹುದು. ಆದರೆ 1-30ಕ್ಕೆ ಏಳುವವನಿಗೂ ಸಂಜೆ 7ಕ್ಕೆ ಕುಳಿತುಕೊಳ್ಳುವವನಿಗೂ ದಿನದ ಫಲವು ಒಂದೇ. ಅಲ್ಲಿ ಅನೇಕ ಬಹುಮಾನಗಳನ್ನು ಪಡೆಯಲು ವ್ಯಯಿಸುವ ‘ರೆಸಿನ್’ ಎಂಬ ದ್ರವ್ಯವು 8 ನಿಮಿಷಕ್ಕೊಂದರಂತೆ ಕೂಡಿ 200ಕ್ಕೆ ನಿಲ್ಲುವುದು. ಗುಣಿಸಿ ನೋಡಿದರೆ, ಬರಿದಾದುದು ತುಂಬುವುದಕ್ಕೆ 26 ಗಂಟೆ 40 ನಿಮಿಷ ಬೇಕು. ಎಂದಮೇಲೆ ದಿನಕ್ಕೊಮ್ಮೆ ನೋಡಿದವನಿಗೆ ಒಂದೂ ನಷ್ಟವಾಗದು. ಈ ಗಣಿತವನ್ನು ಮಗುವಿನ ಎದುರಿಗೇ ಮಾಡಿ ತೋರಿಸುವುದು ಹತ್ತು ಗದರಿಕೆಗಿಂತ ಮೇಲು.

ಕಡೆಯದಾಗಿ ಹಣದ ಮಾತು. ಇಳಿದುಬರುವ ಗಡಿಯಾರವನ್ನು ಕಣ್ಣೆದುರು ನಿಲ್ಲಿಸಿ ಮಾರುವ ಸರಕನ್ನು ಅವಸರದಲ್ಲಿ ಕೊಳ್ಳಬಾರದು. ಅದರಲ್ಲಿಯೂ ರೂಪಾಯಿಯನ್ನು ಮೊದಲು ರತ್ನಗಳಾಗಿ ಮಾರ್ಪಡಿಸಿ ಆಮೇಲೆ ರತ್ನದಲ್ಲಿ ಬೆಲೆ ಹೇಳುವ ಕಡೆ, ಪುನಃ ರೂಪಾಯಿಗೆ ತಿರುಗಿಸಿ ನೋಡಿಯೇ ಮುಂದುವರಿಯತಕ್ಕದ್ದು. 2022ನೆಯ ಡಿಸೆಂಬರಿನಲ್ಲಿ ಅಮೆರಿಕದ ವ್ಯಾಪಾರ ಆಯೋಗವು, ಆಡುವವರು ಬಯಸದ ಖರೀದಿಗೆ ಅವರನ್ನು ಸಿಕ್ಕಿಸುವ ಗುಂಡಿಗಳನ್ನಿಟ್ಟಿದ್ದರೆಂದೂ, ತಂದೆತಾಯಿಗಳ ಒಪ್ಪಿಗೆಯಿಲ್ಲದೆ ಮಕ್ಕಳಿಂದ ಖರ್ಚು ಮಾಡಿಸಿದರೆಂದೂ ಆರೋಪಿಸಿ, ಫೋರ್ಟ್‌ನೈಟಿನ ಕಂಪೆನಿಯಾದ ಎಪಿಕ್ ಗೇಮ್ಸ್ 24 ಕೋಟಿ 50 ಲಕ್ಷ ಡಾಲರುಗಳನ್ನು ಗ್ರಾಹಕರಿಗೆ ಹಿಂದಿರುಗಿಸಬೇಕೆಂದು ರಾಜಿಯಲ್ಲಿ ಗೊತ್ತುಮಾಡಿತು. ನಮ್ಮ ದೇಶದಲ್ಲಿ 2021ರಲ್ಲಿ ‘ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ’ ಹೊರಟಾಗ, 18 ವರ್ಷದೊಳಗಿನವರಿಗೆ ದಿನಕ್ಕೆ 3 ಗಂಟೆಯ ಆಟ, 7000 ರೂಪಾಯಿಯ ಖರ್ಚು ಎಂದು ಮೇರೆಗಳನ್ನು ಇಟ್ಟರು. ದಿನಕ್ಕೆ 7000 ರೂಪಾಯಿ ಎಂಬುದು ಯಾವ ಸಂಸಾರಕ್ಕೆ ಮೇರೆಯಾದೀತು? ಆದುದರಿಂದ ಮನೆಯ ಮೇರೆಯನ್ನು ಮನೆಯವರೇ ಹಾಕಿಕೊಳ್ಳಬೇಕು. ಖರೀದಿಗೆ ಹಿರಿಯರ ಗುಪ್ತ ಸಂಖ್ಯೆ ಬೇಕಾಗುವಂತೆ ಫೋನಿನಲ್ಲಿ ಏರ್ಪಡಿಸಿ, ಹಬ್ಬಕ್ಕಿಷ್ಟು ಎಂದು ಮೊದಲೇ ಗೊತ್ತುಮಾಡುವುದು ಲೇಸು. ಪಾಸು ಕೊಳ್ಳಲೇಬೇಕೆಂದಿದ್ದರೆ ಒಂದು ಉಪಾಯವುಂಟು. ಫೋರ್ಟ್‌ನೈಟಿನಂತಹ ಆಟಗಳಲ್ಲಿ ಋತುವಿನ ಕೊನೆಯಲ್ಲಿ ಪಾಸು ಕೊಂಡರೂ ಅದುವರೆಗೆ ಏರಿದ ಮೆಟ್ಟಿಲುಗಳ ಬಹುಮಾನವೆಲ್ಲವೂ ಬರುವುದು. ಮೊದಲು ಆಡಿ, ಎಷ್ಟು ಮೆಟ್ಟಿಲು ಏರಿತೆಂದು ನೋಡಿ, ಬೆಲೆಗೆ ತಕ್ಕ ಫಲವಿದ್ದರೆ ಮಾತ್ರ ಕೊಳ್ಳುವುದು ಜಾಣತನ.

ಇದೆಲ್ಲವನ್ನೂ ಹಿರಿಯರು ಅಪ್ಪಣೆಯ ರೂಪದಲ್ಲಿ ಹೇಳಿದರೆ ಫಲವು ಅಲ್ಪ. ಹಬ್ಬದ ಮೊದಲ ದಿನ ಹತ್ತು ನಿಮಿಷ ಮಕ್ಕಳ ಬಳಿ ಕುಳಿತು, ‘ಈ ಸಲ ನಿನಗೆ ಬೇಕಾದುದು ಯಾವುದಪ್ಪ?’ ಎಂದು ಕೇಳಿ ನೋಡಬೇಕು. ಬಹುಪಾಲು ಮಕ್ಕಳು ಒಂದೋ ಎರಡೋ ವಸ್ತುಗಳನ್ನು ಹೇಳುವರು; ಪಟ್ಟಿಯೆಲ್ಲವೂ ಬೇಕೆನಿಸುವುದು ಯಾರೂ ಕೇಳದೆ ಬಿಟ್ಟಾಗಲೇ. ಬೇಕಾದುದನ್ನು ಹೆಸರಿಟ್ಟು ಹೇಳಿದ ಮಗುವಿಗೆ ಸಾಕೆನ್ನುವುದು ಕಷ್ಟವಾಗದು. ಸ್ನೇಹಿತರೊಡನೆ ಕೂಡಿ ಆಡುವ ಗಳಿಗೆಯೊಂದನ್ನು ಅದು ಕೇಳಿಕೊಂಡರೆ, ಆ ಗಳಿಗೆಯಲ್ಲಿ ಅಂಗಡಿಗೆ ಅಟ್ಟದೆ ಇರುವುದು ಹಿರಿಯರ ಪಾಲಿನ ಧರ್ಮ. ವರ್ಷಗಳು ಕಳೆದ ಮೇಲೆ ಬಹುಮಾನದ ಉಡುಪು ಯಾವ ಪೆಟ್ಟಿಗೆಯಲ್ಲಿದೆಯೆಂಬುದು ಯಾರಿಗೂ ನೆನಪಿರಲಾರದು. ಯಾರೊಡನೆ ಕುಳಿತು ಆಡಿದೆವು, ಅಂದು ಎಷ್ಟು ನಕ್ಕೆವು ಎಂಬುದು ನೆನಪಿರುವುದು. ಆ ನೆನಪಿಗೆ ಅವಕಾಶ ಮಾಡಿಕೊಟ್ಟು, ಹೊತ್ತಿಗೆ ಸರಿಯಾಗಿ ದೀಪವಾರಿಸಿ ಮಲಗುವ ಮನೆಯಲ್ಲಿ ಹಬ್ಬವು ಸಾರ್ಥಕವಾಯಿತೆಂದೇ ತಿಳಿಯಬೇಕು.