ಮರದ ಬೆಲೆ ಮತ್ತು ಉಸಿರಿನ ಲೆಕ್ಕ

ಮರವನ್ನು ಏಕೆ ಉಳಿಸಬೇಕೆಂದು ಕೇಳಿದರೆ ಸಿದ್ಧ ಉತ್ತರವೊಂದಿದೆ: ಅದು ನಮಗೆ ಆಮ್ಲಜನಕ ಕೊಡುತ್ತದೆ. ಉದ್ದೇಶ ಶ್ಲಾಘ್ಯ, ವಾದ ಪೊಳ್ಳು. ಸುಪ್ರೀಂ ಕೋರ್ಟ್ ನೇಮಿಸಿದ ತಜ್ಞರ ಸಮಿತಿಯೂ 2021ರಲ್ಲಿ ಇದೇ ಹಾದಿ ಹಿಡಿಯಿತು. ಮರವೊಂದರ ಬೆಲೆ ವರ್ಷಕ್ಕೆ 74,500 ರೂಪಾಯಿ. ಅದರಲ್ಲಿ ಆಮ್ಲಜನಕದ ಬಾಬ್ತೇ 45,000 ರೂಪಾಯಿ ಎಂಬುದು ಅದರ ಎಣಿಕೆ.

ಈ ಲೆಕ್ಕದಲ್ಲಿ ಜಮೆಯಿದೆ, ಖರ್ಚಿಲ್ಲ. ಎಲೆಯು ಸೂರ್ಯನ ಬೆಳಕಿನಿಂದ ನೀರನ್ನು ಒಡೆದು ಆಮ್ಲಜನಕವನ್ನು ಬಿಡುತ್ತದೆ, ಗಾಳಿಯ ಇಂಗಾಲವನ್ನು ತನ್ನ ಒಡಲಾಗಿಸಿಕೊಳ್ಳುತ್ತದೆ ಎಂಬುದು ನಿಜ. ಆದರೆ ಮರವೂ ಉಸಿರಾಡುತ್ತದೆ. ಉದುರಿದ ಎಲೆಯನ್ನೂ ಉರುಳಿದ ಕಾಂಡವನ್ನೂ ಕೊಳೆಯಿಸುವ ಸೂಕ್ಷ್ಮಜೀವಿಗಳು ಹೆಚ್ಚುಕಡಿಮೆ ಅಷ್ಟೇ ಆಮ್ಲಜನಕವನ್ನು ಮರಳಿ ಪಡೆಯುತ್ತವೆ. ಬಲಿತ ಕಾಡಿನಲ್ಲಿ ಉಳಿಯುವ ಶಿಲ್ಕು ಬಹುತೇಕ ಶೂನ್ಯ. ಖರ್ಚು ಬರೆಯದ ಲೆಕ್ಕಪುಸ್ತಕವನ್ನು ಚಿಲ್ಲರೆ ಅಂಗಡಿಯವನೂ ಒಪ್ಪಲಾರ.

ಹಾಗಾದರೆ ಗಾಳಿಯಲ್ಲಿರುವ ಶೇಕಡಾ 21ರಷ್ಟು ಆಮ್ಲಜನಕ ಎಲ್ಲಿಂದ ಬಂದಿತು? ಅದು ಪುರಾತನ ಠೇವಣಿ. ಸಮುದ್ರದ ನೀಲಿಹಸಿರು ಸೂಕ್ಷ್ಮಜೀವಿಗಳು ಬಿಡುಗಡೆ ಮಾಡಿದ ಆಮ್ಲಜನಕ ಸುಮಾರು 240 ಕೋಟಿ ವರ್ಷಗಳ ಹಿಂದೆ ವಾತಾವರಣದಲ್ಲಿ ನಿಲ್ಲತೊಡಗಿತು. ಕೊಳೆಯುವ ಮೊದಲೇ ಕೆಸರಿನಲ್ಲಿ ಹೂತುಹೋದ ಇಂಗಾಲವೇ ಈ ಠೇವಣಿಗೆ ಮುಖ್ಯ ಆಧಾರ. ಇಂತಹ ಜೀವವ್ಯಾಪಾರ ಕಾಣದ ಶುಕ್ರ, ಮಂಗಳಗಳ ಗಾಳಿಯಲ್ಲಿ ಇಂದಿಗೂ ಶೇಕಡಾ 95ರಷ್ಟು ಇಂಗಾಲದ ಡೈಆಕ್ಸೈಡೇ ತುಂಬಿದೆ. ನಮ್ಮ ಠೇವಣಿಯಾದರೋ ಎಷ್ಟು ದೊಡ್ಡದೆಂದರೆ, ಭೂಮಿಯ ಸಸ್ಯರಾಶಿಯೆಲ್ಲವನ್ನೂ ಸುಟ್ಟರೂ ಆಮ್ಲಜನಕ ನೂರರಲ್ಲಿ ಒಂದು ಪಾಲೂ ತಗ್ಗದು.

ಕೊಡಲಿ ಹಿಡಿದವರು ಇದನ್ನು ಕೇಳಿ ಹಿಗ್ಗಬೇಕಾಗಿಲ್ಲ. ಅಪಾಯವಿರುವುದು ಲೆಕ್ಕದ ಇನ್ನೊಂದು ಪುಟದಲ್ಲಿ. ಇಂಗಾಲದ ಡೈಆಕ್ಸೈಡಿನ ಖಾತೆ ಬಲು ಚಿಕ್ಕದು. ಆದ್ದರಿಂದಲೇ ಬೇಗ ಏರುಪೇರಾಗುತ್ತದೆ. ಯಂತ್ರಯುಗಕ್ಕೆ ಮೊದಲು ಗಾಳಿಯ ಹತ್ತು ಲಕ್ಷ ಭಾಗದಲ್ಲಿ 280 ಭಾಗವಿದ್ದದ್ದು ಈಗ 420ನ್ನು ಮೀರಿದೆ. ಹೂತ ಇಂಗಾಲದ ಪಾಲಾದ ಕಲ್ಲಿದ್ದಲು, ತೈಲಗಳನ್ನು ಮನುಷ್ಯ ಎರಡೇ ಶತಮಾನಗಳಿಂದ ಸುಡುತ್ತಿದ್ದಾನೆ. ಅವನು ಹೊರಬಿಡುವ ಇಂಗಾಲದ ಡೈಆಕ್ಸೈಡಿನಲ್ಲಿ ಕಾಲುಭಾಗಕ್ಕೂ ಹೆಚ್ಚನ್ನು ನೆಲದ ಸಸ್ಯ ಮತ್ತು ಮಣ್ಣು ಹೀರಿಕೊಳ್ಳುತ್ತಿವೆ. ಕಾಡು ಕಡಿದವನು ಹೀರುವ ಬಾಯನ್ನು ಮುಚ್ಚುವುದಲ್ಲದೆ, ಕಾಡು ಕೂಡಿಟ್ಟ ಇಂಗಾಲವನ್ನೂ ಗಾಳಿಗೆ ಸುರಿಯುತ್ತಾನೆ.

ಸುಳ್ಳು ಬೆಲೆಯಿಂದ ಮರಕ್ಕೆ ರಕ್ಷಣೆ ದೊರೆಯದು. ಬೆಲೆ ಕಟ್ಟಿದೊಡನೆ, ಹಣ ತೆತ್ತವನಿಗೆ ಕಡಿಯುವ ಹಕ್ಕೂ ಬಂದಿತೆಂಬ ಭಾವನೆ ಮೂಡುತ್ತದೆ. ಆಮ್ಲಜನಕ ಅಗ್ಗವಾದರೆ ಮರವೂ ಅಗ್ಗವಾಗಬೇಕಾಗುತ್ತದೆ. ಕಡಿಯುವುದು ಅನಿವಾರ್ಯವೇ ಎಂಬುದು ಮೊದಲ ಪ್ರಶ್ನೆಯಾಗಬೇಕು. ಪರಿಹಾರ ಎಷ್ಟು ಎಂಬುದು ಆಮೇಲಿನ ಮಾತು. ನಮಗೆ ಉಸಿರು ಮಾರುತ್ತದೆಂಬ ಕಾರಣಕ್ಕಷ್ಟೇ ಒಂದು ಜೀವವನ್ನು ಉಳಿಸುವುದಾದರೆ ಅದು ದಯೆಯೆನಿಸದು, ವ್ಯಾಪಾರವೆನಿಸೀತು; ಅದೂ ಲೆಕ್ಕ ತಪ್ಪಿದ ವ್ಯಾಪಾರ.