ಎರಡು ದಿನದ ಶಿಲಾರೋಹಿಗಳ ಬಗೆಗೊಂದು ತಕರಾರು

ಚಳಿಗಾಲ ಕಾಲಿಡುತ್ತಿದ್ದಂತೆ ನಮ್ಮ ನಾಡಿನ ಬಂಡೆಗಳಿಗೆ ಬೆಲೆಪಟ್ಟಿ ಅಂಟಿಕೊಳ್ಳುತ್ತದೆ. ವಾರಾಂತ್ಯದಲ್ಲಿ ಶಿಲಾರೋಹಣ ಕಲಿಯಿರಿ, ಪೂರ್ವಾನುಭವ ಬೇಕಿಲ್ಲ, ಡೇರೆ, ಊಟ, ಪ್ರಮಾಣಪತ್ರ ಎಲ್ಲ ಸೇರಿ ಇಷ್ಟು ರೂಪಾಯಿ ಎಂಬ ಧಾಟಿಯ ಜಾಹೀರಾತುಗಳನ್ನು ಓದುಗರು ಕಂಡೇ ಇರುತ್ತೀರಿ. ಶನಿವಾರ ಹಂಪಿಯ ದೇಗುಲ, ಭಾನುವಾರ ಬೆಳಗ್ಗೆ ಒಂದು ಬಂಡೆ, ಮಧ್ಯಾಹ್ನ ಬಾದಾಮಿಯ ಗುಹೆ, ರಾತ್ರಿ ಬೆಂಗಳೂರಿನ ಬಸ್ಸು. ಪ್ರವಾಸದ ನಡುವೆ ಶಿಲಾರೋಹಣವನ್ನೂ ಹೀಗೆ ‘ಮುಗಿಸಿಕೊಂಡು’ ಬರಬಹುದೆಂಬ ನಂಬಿಕೆ ಇಂದು ಒಂದು ಉದ್ಯಮವಾಗಿದೆ, ಮತ್ತು ನಮ್ಮ ಸರ್ಕಾರಗಳು ಇದನ್ನು ಸಾಹಸ ಪ್ರವಾಸೋದ್ಯಮವೆಂದು ಹರಸುತ್ತಿವೆ.

ನನ್ನ ತಕರಾರು ಶಿಲಾರೋಹಣದ ಮೇಲಲ್ಲ ಎಂಬುದನ್ನು ಮೊದಲೇ ಹೇಳಿಬಿಡುತ್ತೇನೆ. ಪರಿಸರವಾದಿಗಳೆಂದರೆ ಎಲ್ಲದಕ್ಕೂ ಬೇಡವೆನ್ನುವವರು ಎಂಬ ಅಪವಾದ ನಮ್ಮ ಮೇಲಿದೆ. ಮೈಮನಸ್ಸುಗಳನ್ನು ಒಟ್ಟಿಗೆ ದುಡಿಸಿ, ಅಂಗೈಯಗಲದ ಕಲ್ಲನ್ನು ಅರ್ಧ ಗಂಟೆ ದಿಟ್ಟಿಸಿ ನೋಡುವಂತೆ ಮಾಡುವ ಆಟ ಬೇರೊಂದು ನನಗೆ ಗೊತ್ತಿಲ್ಲ. ತಕರಾರಿರುವುದು ಇದನ್ನು ಹಾದುಹೋಗುತ್ತಾ ಕಲಿಯಬಹುದೆಂದು ಮಾರುವವರ ಮೇಲೆ. ಹಾಗೆ ಕಲಿತವರಲ್ಲಿ ನಾನೂ ಒಬ್ಬನಾದ್ದರಿಂದ ಸ್ವಲ್ಪ ನನ್ನ ಮೇಲೂ.

ಮೂರು ವರ್ಷದ ಹಿಂದಿನ ಡಿಸೆಂಬರಿನಲ್ಲಿ ಸೋದರಳಿಯನ ಒತ್ತಾಯಕ್ಕೆ ಮಣಿದು ಆನೆಗೊಂದಿಗೆ ಹೋಗಿದ್ದೆ. ನಗರದ ಸಂಸ್ಥೆಯೊಂದು ಏರ್ಪಡಿಸಿದ್ದ ಶಿಬಿರ. ಇಪ್ಪತ್ತೆರಡು ಮಂದಿ, ಇಬ್ಬರು ತರಬೇತುದಾರರು. ಬಂಡೆಯ ನೆತ್ತಿಯಿಂದ ಇಳಿಬಿಟ್ಟ ಹಗ್ಗಕ್ಕೆ ನಮ್ಮ ಸೊಂಟಪಟ್ಟಿಯನ್ನು ಅವರೇ ಸಿಕ್ಕಿಸಿದರು, ಅವರೇ ಬಿಚ್ಚಿದರು. ಪ್ರತಿಯೊಬ್ಬರಿಗೂ ಹತ್ತು ನಿಮಿಷ, ಒಂದು ಛಾಯಾಚಿತ್ರ. ಎಂಟರ ಗಂಟನ್ನು ಸ್ವತಃ ಹಾಕಿ ನೋಡುವ ಅವಕಾಶ ಯಾರಿಗೂ ದೊರೆಯಲಿಲ್ಲ. ಏರುವವನು ಹಗ್ಗ ಹಿಡಿದವನ ಸಾಧನವನ್ನೂ, ಹಗ್ಗ ಹಿಡಿದವನು ಏರುವವನ ಗಂಟನ್ನೂ ಪ್ರತಿ ಸಲ ಪರೀಕ್ಷಿಸಬೇಕೆಂಬುದು ಈ ವಿದ್ಯೆಯ ಅ ಆ ಇ ಈ. ಅದನ್ನು ಕೂಡ ಹೇಳಿಕೊಡಲಿಲ್ಲ. ಸಂಜೆ ಎಲ್ಲರಿಗೂ ಪ್ರಮಾಣಪತ್ರ ಬಂತು.

ಮಧ್ಯಾಹ್ನ ಹಗ್ಗವಿಲ್ಲದೆ ಗಿಡ್ಡ ಗುಂಡುಗಳನ್ನೇರುವ ಬೋಲ್ಡರಿಂಗ್ ಪಾಠ. ಹಿಡಿತಗಳ ಮೇಲೆ ‘ಕೊಳೆ’ ಇದೆ, ಉಜ್ಜಿ ತೆಗೆಯಿರಿ ಎಂದು ತರಬೇತುದಾರರು ನನ್ನ ಕೈಗೆ ತಂತಿ ಬ್ರಷ್ಷು ಕೊಟ್ಟರು. ಉಜ್ಜಿದೆ. ಮಲೆನಾಡಿನಲ್ಲಿ ಹುಟ್ಟಿ ಬೆಳೆದು, ಇದೇ ಪತ್ರಿಕೆಯಲ್ಲಿ ಕಾಡಿನ ಬಗ್ಗೆ ಪುಟಗಟ್ಟಲೆ ಬರೆದವನಿಗೆ ಅದು ಕೊಳೆಯಲ್ಲ, ಕಲ್ಲುಹೂವು ಎಂದು ಹೊಳೆಯಲು ಅರ್ಧ ಬಂಡೆ ಬೆಳ್ಳಗಾಗಬೇಕಾಯಿತು. ಕಲ್ಲಿಗೆ ಅಂಟಿಯೇ ಬೆಳೆಯುವ ಕಲ್ಲುಹೂವುಗಳಲ್ಲಿ ಎಷ್ಟೋ ಜಾತಿಗಳು ವರ್ಷಕ್ಕೆ ಒಂದು ಮಿಲಿಮೀಟರಿನಷ್ಟೂ ಹರಡುವುದಿಲ್ಲ. ನಾನು ಎರಡು ನಿಮಿಷದಲ್ಲಿ ಕೆರೆದು ಹಾಕಿದ್ದು ನನ್ನ ಆಯುಸ್ಸಿಗಿಂತ ದೊಡ್ಡದಿದ್ದಿರಬಹುದು.

ಅಲ್ಲೇ ಕುರಿ ಬಿಟ್ಟುಕೊಂಡು ನಿಂತಿದ್ದ ಹುಡುಗನೊಬ್ಬ ಬಹಳ ಹೊತ್ತು ನಮ್ಮನ್ನು ನೋಡಿದ. ಕೊನೆಗೆ ಕೇಳಿದ: “ಸರ, ಹತ್ತೂದೇನ್ ದೊಡ್ಡದಲ್ರೀ, ಇಳಿಯೂ ದಾರಿ ನೋಡೀರೇನು?” ಯಾರೂ ನೋಡಿರಲಿಲ್ಲ. ಅಷ್ಟರಲ್ಲಿ ಒಬ್ಬರು ಮೇಲೇರಿ, ಇಳಿಯಲಾರದೆ ಕುಳಿತಾಗಿತ್ತು. ಆ ಹುಡುಗನೇ ಬರಿಗಾಲಿನಲ್ಲಿ ಹಿಂಬದಿಯ ಬಿರುಕೊಂದರಿಂದ ಹತ್ತಿ, ಒಂದೊಂದೇ ಹೆಜ್ಜೆ ತೋರಿಸಿ ಅವರನ್ನು ಇಳಿಸಿಕೊಂಡ. ಹೊಸಬನು ಬಂಡೆಯಡಿ ನಿಂತು ಮೊದಲು ಕೇಳಿಕೊಳ್ಳಬೇಕಾದ ಪ್ರಶ್ನೆಯನ್ನು ಆ ದಿನ ನಮಗೆ ಕಲಿಸಿದವನು ಅವನು. ಅವನಿಗೆ ಸಂಸ್ಥೆ ಒಂದು ಬಿಸ್ಕತ್ತಿನ ಪೊಟ್ಟಣ ಕೊಟ್ಟಿತು.

ಕಲಿಕೆ ಎಂದರೆ ಏನೆಂಬುದನ್ನು ಇಲ್ಲಿ ತುಸು ಬಿಡಿಸಿ ಹೇಳಬೇಕು. ಹೊಸಬರೆಲ್ಲ ತೋಳಿನ ಬಲದಿಂದ ತಮ್ಮನ್ನು ಮೇಲಕ್ಕೆಳೆದುಕೊಳ್ಳಲು ಹವಣಿಸಿ, ಹತ್ತು ನಿಮಿಷದಲ್ಲಿ ಮುಂಗೈ ಬಿಗಿದು ಕೆಳಗಿಳಿಯುತ್ತಾರೆ. ಏರುವುದು ಕಾಲಿನ ಕೆಲಸ. ತೆಂಗಿನ ಮರ ಹತ್ತುವವರನ್ನು ನೋಡಿದವರಿಗೆ ಇದು ಹೊಸತಲ್ಲ. ಕಾಲ್ಬೆರಳ ತುದಿಯನ್ನು ನಂಬುವುದು ಅಭ್ಯಾಸದಿಂದ ಬರಬೇಕು. ಬೀಳುವುದನ್ನೂ ಕಲಿಯಬೇಕು: ಮಂಡಿ ಮಡಿಸಿ ಇಳಿಯುವುದು, ಅಂಗೈಯನ್ನು ಹಿಂದಕ್ಕೆ ಊರದಿರುವುದು, ಕೆಳಗೆ ಹಾಸಿದ ದಪ್ಪ ಮೆತ್ತೆ ಎಲ್ಲಿದ್ದರೆ ಬೆನ್ನು ಉಳಿಯುತ್ತದೆಂದು ಮೊದಲೇ ಅಳೆಯುವುದು. ಕೆಳಗೆ ನಿಂತವನ ಕೆಲಸ ಬೀಳುವವನನ್ನು ಹಿಡಿಯುವುದಲ್ಲ. ತಲೆ ನೆಲಕ್ಕೆ ಬಡಿಯದಂತೆ ಮೈಯನ್ನು ಮೆತ್ತೆಯ ಕಡೆಗೆ ತಿರುಗಿಸುವುದು. ಇನ್ನು ಹಂಪಿಯ ಕಣಶಿಲೆ ಉಪ್ಪುಕಾಗದದಂತೆ ಒರಟು. ಎರಡನೆಯ ದಿನಕ್ಕೇ ಬೆರಳ ತುದಿಯ ಚರ್ಮ ಸವೆದು ಉರಿಯುತ್ತದೆ, ಮೂರನೆಯ ದಿನ ಸುಮ್ಮನೆ ಕೂರಲೇಬೇಕು. ಬಿಸಿಲೇರಿದರೆ ಬೆರಳು ಬೆವರಿ ಜಾರುವುದರಿಂದ ಏರಾಟವೆಲ್ಲ ಮುಂಜಾನೆ ಮತ್ತು ಸಂಜೆಗೆ ಸೀಮಿತ. ಹೀಗೆ ಸುಮ್ಮನೆ ಕೂತ ದಿನಗಳಲ್ಲೇ ಮನುಷ್ಯ ಆ ಊರಿನ ಭತ್ತದ ಗದ್ದೆ, ಬಾಳೆ ತೋಟ, ಬಂಡೆಗಳ ಸಂದಿಯ ನೀರಿನ ಒರತೆಗಳನ್ನು ಗಮನಿಸತೊಡಗುವುದು. ಎರಡು ದಿನದ ಗಿರಾಕಿಗೆ ಆ ಮೂರನೆಯ ದಿನ ಬರುವುದೇ ಇಲ್ಲ!

2003ರಲ್ಲಿ ಹಂಪಿಯ ಬಂಡೆಗಳ ಕುರಿತ ‘ಪಿಲ್ಗ್ರಿಮೇಜ್’ ಎಂಬ ಚಲನಚಿತ್ರ ಹೊರಬಂದಿತು. ಅಮೆರಿಕದ ಕ್ರಿಸ್ ಶರ್ಮಾ ಮೊದಲಾದವರು ಇಲ್ಲಿ ಏರಿದ್ದನ್ನು ಅದರಲ್ಲಿ ಕಂಡು ಜಗತ್ತಿನ ಆರೋಹಿಗಳು ಪ್ರತಿ ಚಳಿಗಾಲ ವಿರೂಪಾಪುರ ಗಡ್ಡೆಗೆ ಬರತೊಡಗಿದರು. ಅವರ ಹಿಂದೆ ಬೆಳೆದ ತಂಗುದಾಣಗಳ ಕತೆ ಸರ್ವೋಚ್ಚ ನ್ಯಾಯಾಲಯದವರೆಗೆ ಹೋಗಿ, 2020ರಲ್ಲಿ ನೆಲಸಮವಾಗುವುದರೊಂದಿಗೆ ಮುಗಿಯಿತು. ಆ ಅತಿಕ್ರಮಣಗಳನ್ನು ನಾನು ಸಮರ್ಥಿಸುವುದಿಲ್ಲ. ಆದರೂ ಆ ಪರದೇಶಿ ತರುಣರ ಬಗ್ಗೆ ಒಂದು ಮಾತು ಹೇಳಲೇಬೇಕು: ಅವರಲ್ಲಿ ಅನೇಕರು ತಿಂಗಳುಗಟ್ಟಲೆ ಉಳಿಯುತ್ತಿದ್ದರು, ಒಂದೇ ಬಂಡೆಯ ಬಳಿಗೆ ಇಪ್ಪತ್ತು ಸಲ ಬರುತ್ತಿದ್ದರು. ನಮ್ಮವರೇ ನಮ್ಮ ನೆಲಕ್ಕೆ ಅವರಿಗಿಂತ ಅವಸರದ ಅತಿಥಿಗಳಾಗಿದ್ದೇವೆ.

ಅವಸರದ ಬೆಲೆಯನ್ನು ತೆರುವವರು ಯಾರು? ಬಾದಾಮಿಯನ್ನೇ ನೋಡೋಣ. ಅಲ್ಲಿಯದು ಕೆಂಪು ಮರಳುಗಲ್ಲು. ಕ್ರಿ.ಶ. 578ರ ಶಾಸನವುಳ್ಳ ಮೂರನೆಯ ಗುಹೆಯನ್ನು ಚಾಲುಕ್ಯರ ಶಿಲ್ಪಿಗಳು ಕೊರೆಯಲು ಸಾಧ್ಯವಾದದ್ದೇ ಆ ಕಲ್ಲು ಉಳಿಗೆ ಒಲಿಯುವಂಥದಾಗಿದ್ದರಿಂದ. ಅದೇ ಕಲ್ಲಿಗೆ ಇನ್ನೊಂದು ಗುಣವಿದೆ. ನೀರು ಕುಡಿದ ಮರಳುಗಲ್ಲು ತನ್ನ ಗಟ್ಟಿತನವನ್ನು ಬಹುಮಟ್ಟಿಗೆ ಕಳೆದುಕೊಳ್ಳುತ್ತದೆ. ಹೊರಮೈ ಒಣಗಿದಂತೆ ಕಂಡರೂ ಒಳಗೆ ತೇವ ಉಳಿದಿರುತ್ತದೆ. ಮಳೆ ಬಿದ್ದ ಮೇಲೆ ಕನಿಷ್ಠ ಒಂದೆರಡು ದಿನ, ಜೋರು ಮಳೆಯಾದರೆ ಇನ್ನೂ ಹೆಚ್ಚು, ಕಾಯಬೇಕೆಂಬುದು ಮರಳುಗಲ್ಲನ್ನೇರುವವರೆಲ್ಲ ಒಪ್ಪಿರುವ ನಿಯಮ. ಕಾಯದಿದ್ದರೆ ಹಿಡಿತ ಕಿತ್ತು ಬರುತ್ತದೆ. ಹತ್ತಿದವನ ಜೀವಕ್ಕೂ ಅಪಾಯ, ಕಲ್ಲಿಗೂ ಮತ್ತೆ ಕೂಡದ ಗಾಯ. ಅಕ್ಟೋಬರಿನ ರಾತ್ರಿ ಒಂದು ಹದ ಮಳೆಯಾಯಿತೆನ್ನಿ. ಮುಂಜಾನೆ ಮೂವತ್ತು ಜನ ಹಣ ಕಟ್ಟಿ ಸಾಲಾಗಿ ನಿಂತಿದ್ದಾರೆ, ಸಂಜೆಗೆ ಬಸ್ಸಿದೆ. ‘ಇಂದು ಏರಬಾರದು, ನಾಳಿದ್ದು ಬನ್ನಿ’ ಎನ್ನುವ ಎದೆಗಾರಿಕೆ ಯಾವ ವ್ಯಾಪಾರಿಗಿದ್ದೀತು?

ರಾಮನಗರದ ಕತೆ ಇದಕ್ಕಿಂತ ಗಂಭೀರವಾದುದು. ‘ಶೋಲೆ’ ಚಿತ್ರದಿಂದ (1975) ದೇಶಕ್ಕೆಲ್ಲ ಪರಿಚಿತವಾದ ಆ ಬೆಟ್ಟಗಳು ಕ್ಲೋಸ್‌ಪೇಟೆ ಕಣಶಿಲೆಯವು. ಸುಮಾರು 250 ಕೋಟಿ ವರ್ಷದ ಹಿಂದೆ ನೆಲದಾಳದಲ್ಲಿ ಕರಗಿ ಹೆಪ್ಪುಗಟ್ಟಿ, ಉತ್ತರ ದಕ್ಷಿಣವಾಗಿ ಸುಮಾರು 400 ಕಿ.ಮೀ. ಹಬ್ಬಿದ ಶಿಲಾಪಟ್ಟಿಯ ಭಾಗ. ರಾಮದೇವರ ಬೆಟ್ಟದ ಕಡಿದಾದ ಗೋಡೆಗಳಲ್ಲಿ ಉದ್ದ ಕೊಕ್ಕಿನ ರಣಹದ್ದುಗಳು ಗೂಡು ಮಾಡುತ್ತವೆ. ದಕ್ಷಿಣ ಭಾರತದಲ್ಲಿ ಅವುಗಳಿಗೆ ಉಳಿದಿರುವ ಬೆರಳೆಣಿಕೆಯ ನೆಲೆಗಳಲ್ಲಿ ಇದೂ ಒಂದಾದ್ದರಿಂದ 2012ರಲ್ಲಿ ಸುಮಾರು 346 ಹೆಕ್ಟೇರನ್ನು ರಣಹದ್ದು ಧಾಮವೆಂದು ಘೋಷಿಸಲಾಯಿತು. ಜಾನುವಾರುಗಳಿಗೆ ಕೊಡುತ್ತಿದ್ದ ಡೈಕ್ಲೋಫಿನ್ಯಾಕ್ ಎಂಬ ನೋವುನಿವಾರಕವು ಸತ್ತ ದನದ ಮಾಂಸದ ಮೂಲಕ ರಣಹದ್ದುಗಳ ಮೂತ್ರಪಿಂಡವನ್ನು ಕೊಂದು, ಅವುಗಳ ಸಂಖ್ಯೆಯನ್ನು ಶೇ. 95ಕ್ಕೂ ಮಿಕ್ಕಿ ಕುಗ್ಗಿಸಿತು. 2006ರಲ್ಲಿ ಆ ಪಶು ಔಷಧ ನಿಷೇಧಕ್ಕೊಳಗಾಯಿತು. ಅಷ್ಟರ ಮೇಲೂ ಉಳಿದ ಹಕ್ಕಿಗಳು ವರ್ಷಕ್ಕೆ ಇಡುವುದು ಒಂದೇ ಮೊಟ್ಟೆ. ಇಡುವ ಕಾಲ ನವೆಂಬರಿನಿಂದ ಮಾರ್ಚ್.

ಈ ಎರಡು ತಿಂಗಳ ಹೆಸರುಗಳನ್ನು ಓದುಗರು ಮತ್ತೊಮ್ಮೆ ಓದಬೇಕು. ನವೆಂಬರಿನಿಂದ ಮಾರ್ಚ್ ಎಂದರೆ ಶಿಲಾರೋಹಣದ ಹಂಗಾಮವೂ ಹೌದು. ಬಂಡೆ ತಂಪಾಗಿರುವ, ಮಳೆಯಿಲ್ಲದ, ನಗರದವರಿಗೆ ರಜೆ ದೊರೆಯುವ ಅದೇ ತಿಂಗಳುಗಳಲ್ಲಿ ಹಕ್ಕಿ ಕಾವು ಕೂರುತ್ತದೆ. ಗೂಡಿನ ಆಸುಪಾಸಿನಲ್ಲಿ ಹಗ್ಗ ಇಳಿಬಿಟ್ಟು, ಕೂಗಿ, ಚಪ್ಪಾಳೆ ತಟ್ಟಿದರೆ ಅದು ಎದ್ದು ಹೋಗುತ್ತದೆ. ಬಿಸಿಲಿಗೋ ಕಾಗೆಗೋ ತೆರೆದುಬಿದ್ದ ಆ ಒಂದು ಮೊಟ್ಟೆ ಹೋದರೆ ಆ ವರ್ಷವೇ ಹೋಯಿತು. ಧಾಮದೊಳಗೆ ನಿರ್ಬಂಧವಿದೆ ನಿಜ. ಗಡಿಗೆರೆಯಾಚೆಯ ಬೆಟ್ಟಗಳ ಗತಿಯೇನು? ಬಂಡೆಬೆಟ್ಟಗಳನ್ನೇ ನೆಚ್ಚಿಕೊಂಡ ಹಳದಿ ಕೊರಳಿನ ಪಿಕಳಾರಕ್ಕೆ ನಮ್ಮ ನಕಾಶೆಯ ಗೆರೆ ಹೇಗೆ ತಿಳಿಯಬೇಕು? ಹಂಪಿಯ ಬಂಡೆಗವಿಗಳಲ್ಲಿ ಕರಡಿ, ಚಿರತೆಗಳಿವೆ. ಅವುಗಳ ಸಲುವಾಗಿಯೇ 1994ರಲ್ಲಿ ದರೋಜಿ ಕರಡಿಧಾಮ ರೂಪುಗೊಂಡಿತು. ಕರಡಿ ಹೊರಡುವುದು ಸಂಜೆ. ಆರೋಹಿಗೆ ಬಂಡೆ ತಂಪಾಗುವುದೂ ಸಂಜೆಯೇ.

ಇಲ್ಲಿ ಒಂದು ಆಕ್ಷೇಪ ಬರುತ್ತದೆ, ಅದು ಹಗುರವಾದುದಲ್ಲ. ನಗರದ ಮಕ್ಕಳು ಬಂಡೆಯನ್ನು ಮುಟ್ಟದೇ ಹೋದರೆ ಅದರ ಮೇಲೆ ಅಕ್ಕರೆ ಹುಟ್ಟುವುದಾದರೂ ಹೇಗೆ? ಇದೇ ಕಣಶಿಲೆಯನ್ನು ಕಲ್ಲುಗಣಿಗಳು ಸಿಡಿಮದ್ದಿಟ್ಟು ಒಡೆದು ಅಡುಗೆಕಟ್ಟೆಯ ಹಾಸುಗಲ್ಲಾಗಿ ಸಾಗಿಸುತ್ತಿರುವಾಗ, ಚಾಕ್ ಪುಡಿ ಹಚ್ಚಿದ ಬೆರಳುಗಳ ಮೇಲೆ ಕೂಗಾಡುವುದು ಸಣ್ಣತನವಲ್ಲವೇ? ಒಪ್ಪುತ್ತೇನೆ, ಗುಡ್ಡವನ್ನೇ ನುಂಗುವವನಿಗೆ ಗುತ್ತಿಗೆ ಕೊಟ್ಟು, ಗುಡ್ಡ ಹತ್ತುವವನ ಮುಂದೆ ಸೀಟಿ ಊದುವ ಆಡಳಿತದ ವಕೀಲಿಕೆ ನನಗೆ ಬೇಡ. ಆದರೆ ಗಣಿಯ ಲಾರಿ ಬಂದ ದಿನ ಅಡ್ಡ ನಿಲ್ಲುವವರು ಯಾರು? ಎರಡು ಚಳಿಗಾಲ ಅಲ್ಲಿ ಕಳೆದು, ಪ್ರತಿ ಬಿರುಕನ್ನೂ ಬಲ್ಲವನಾಗಿ, ಕುರಿಯವರ ಮನೆಯಲ್ಲಿ ಉಂಡವನು ನಿಂತಾನು. ಹತ್ತು ನಿಮಿಷ ನೇತಾಡಿ ಚಿತ್ರ ತೆಗೆಸಿಕೊಂಡವನಿಗೆ ಆ ಗುಡ್ಡದ ಹೆಸರೂ ನೆನಪಿರುವುದಿಲ್ಲ. ಅಕ್ಕರೆ ಹುಟ್ಟಿಸುವ ಹೆಸರಿನಲ್ಲಿ ಈ ಉದ್ಯಮ ಹುಟ್ಟಿಸುತ್ತಿರುವುದು ಗಿರಾಕಿಗಳನ್ನು. ಚಾಕ್ ಕೂಡ ಅಷ್ಟು ನಿರುಪದ್ರವಿಯಲ್ಲ. ಬಂಡೆಯ ಮೇಲಿನ ಜರೀಗಿಡ, ಹಾವಸೆಗಳು ಮೊಳೆತು ಬದುಕುವುದಕ್ಕೆ ಅದು ಅಡ್ಡಿಯೆಂದು 2020ರಲ್ಲಿ ಸ್ವಿಸ್ ಸಂಶೋಧಕರು ತೋರಿಸಿದ್ದಾರೆ.

ಈ ಮಾತುಗಳನ್ನು ಮಲೆನಾಡಿನ ಪತ್ರಿಕೆಯಲ್ಲಿ ಏಕೆ ಬರೆಯಬೇಕೆಂದು ಕೆಲವರಿಗೆ ಅನ್ನಿಸಬಹುದು. ಬಯಲುಸೀಮೆಯ ಬಂಡೆಗಳಲ್ಲಿ ಜಾಗ ಸಾಲದಾದ ವ್ಯಾಪಾರ ಘಟ್ಟದ ಕಡೆ ಮುಖ ಮಾಡಿದೆ. 2024ರ ಗಣರಾಜ್ಯೋತ್ಸವದ ರಜೆಯಲ್ಲಿ ಕುಮಾರ ಪರ್ವತದ ದಾರಿಯಲ್ಲಿ ಜನಜಂಗುಳಿಯಾಗಿ, ಅರಣ್ಯ ಇಲಾಖೆ ಚಾರಣಗಳನ್ನೇ ಕೆಲಕಾಲ ತಡೆಹಿಡಿದು, ಮುಂಗಡ ನೋಂದಣಿ ಮತ್ತು ದಿನದ ಮಿತಿಯ ವ್ಯವಸ್ಥೆ ತಂದದ್ದು ನಮಗೆಲ್ಲ ನೆನಪಿದೆ. ಚಾರಣಕ್ಕೆ ಈ ಗತಿಯಾದ ಮೇಲೆ ಶಿಲಾರೋಹಣದ ಸರದಿ ಬರದಿರುತ್ತದೆಯೇ? ನಮ್ಮ ಬಂಡೆಗಳು ವರ್ಷದ ಅರ್ಧ ಕಾಲ ತೋಯ್ದಿರುತ್ತವೆ; ಅವುಗಳ ಮೇಲೆ ಹಾವಸೆ, ಸೀತಾಳೆ, ಕಲ್ಲುಹೂವುಗಳ ಇಡೀ ಲೋಕವೇ ಇದೆ. ಅದನ್ನು ‘ಕೊಳೆ’ ಎಂದು ಉಜ್ಜಲು ಬ್ರಷ್ಷು ಹಿಡಿದವರು ಬರುತ್ತಾರೆ. ಬಂಡೆಯ ಮಾಡಿನಡಿ ಹೆಜ್ಜೇನು ಹುಟ್ಟಿ ಕಟ್ಟಿದಲ್ಲಿ ಗದ್ದಲ, ಸುಗಂಧದ್ರವ್ಯಗಳೊಂದಿಗೆ ಇಪ್ಪತ್ತು ಮಂದಿ ನಡೆದರೆ ಏನಾಗುತ್ತದೆಂದು ನಮ್ಮ ಜೇನು ಕೀಳುವವರನ್ನು ಕೇಳಿದರೆ ಸಾಕು.

ಆದ್ದರಿಂದ ಕಲಿಯಬಯಸುವ ತರುಣರಿಗೆ ನನ್ನ ವಿನಂತಿ ಇಷ್ಟೇ: ಪ್ರವಾಸದಲ್ಲೇ ಕಲಿಯುವುದಾದರೆ ಪ್ರವಾಸವನ್ನು ನಿಲ್ಲಿಸಿ ಕಲಿಯಿರಿ. ಐದು ಊರು ನೋಡುವ ಬದಲು ಒಂದೂರಿನಲ್ಲಿ ಹದಿನೈದು ದಿನ ಉಳಿಯಿರಿ. ಗಂಟು ಹಾಕುವುದನ್ನು ನೆಲದ ಮೇಲೆ ನೂರು ಸಲ ಮಾಡಿ. ಬಂಡೆ ಯಾರದು, ಈ ತಿಂಗಳು ಅಲ್ಲಿ ಯಾವ ಹಕ್ಕಿ ಇದೆ, ಪಕ್ಕದ ಕಲ್ಲಾಸರೆಯಲ್ಲಿ ಪ್ರಾಗೈತಿಹಾಸಿಕ ಚಿತ್ರಗಳಿವೆಯೇ ಎಂದು ಮೊದಲು ಊರವರನ್ನು ಕೇಳಿ. ಆನೆಗೊಂದಿಯ ಆಸುಪಾಸಿನ ಬಂಡೆಗಳಲ್ಲಿ ಅಂಥ ಚಿತ್ರಗಳಿವೆ, ಚಾಕಿನ ಒಂದು ಅಂಗೈ ಗುರುತು ಸಾಕು ಅವುಗಳನ್ನು ಕೆಡಿಸಲು. ಕಲಿಸುವವರಿಗೆ ಕೂಲಿ ಕೊಡುವುದಾದರೆ ಆ ಕುರಿಗಾಹಿ ಹುಡುಗನಂಥವರಿಗೂ ತರಬೇತಿ ದೊರಕಿಸಿ ಅವರಿಗೆ ಕೊಡಿ, ಬಿಸ್ಕತ್ತಿನ ಪೊಟ್ಟಣವನ್ನಲ್ಲ.

ನನ್ನ ಸೋದರಳಿಯ ಕಳೆದ ಡಿಸೆಂಬರಿನಲ್ಲಿ ಮತ್ತೆ ಆನೆಗೊಂದಿಗೆ ಹೋಗಿ ಮೂರು ವಾರ ಇದ್ದು ಬಂದ. “ಮಾವ, ನೀವು ಉಜ್ಜಿದ ಜಾಗ ಇನ್ನೂ ಬೆಳ್ಳಗೇ ಇದೆ, ದೂರದಿಂದಲೇ ಕಾಣ್ತದೆ” ಎಂದ. ಅಂದುಕೊಂಡಿದ್ದ ಬಂಡೆಯನ್ನು ಅವನಿಗೆ ಈ ಸಲವೂ ಏರಲಾಗಲಿಲ್ಲ.

ರಣಹದ್ದು ಗೂಡುಕಟ್ಟುವ ಗೋಡೆಗಳನ್ನು ಧಾಮದ ಒಳಗೂ ಹೊರಗೂ ನವೆಂಬರಿನಿಂದ ಮಾರ್ಚ್‌ವರೆಗೆ ಮುಚ್ಚಬೇಕು, ತಂತಿ ಬ್ರಷ್ಷನ್ನು ನಿಷೇಧಿಸಬೇಕು, ಘಟ್ಟದ ಬಂಡೆಗಳಲ್ಲಿ ಗ್ರಾಮಸಭೆಯ ಒಪ್ಪಿಗೆಯಿಲ್ಲದೆ ಯಾವ ಶಿಬಿರಕ್ಕೂ ಅನುಮತಿ ಕೊಡಬಾರದು ಎಂಬ ಮನವಿಯೊಂದನ್ನು ಅರಣ್ಯ ಇಲಾಖೆಗೆ ಸಲ್ಲಿಸಲು ಕರಡು ಸಿದ್ಧಪಡಿಸಿದ್ದೇನೆ. ಮುಂದಿನ ಮಾಸಿಕ ಸಭೆಯಲ್ಲಿ ಅದನ್ನು ಓದಲಾಗುವುದು. ತಿದ್ದುಪಡಿ ಸೂಚಿಸುವವರು, ವಿಶೇಷವಾಗಿ ಶಿಲಾರೋಹಿ ಮಿತ್ರರು, ತಪ್ಪದೆ ಬರಬೇಕು. ಈ ಸಲದ ಹಂಗಾಮ ಆರಂಭವಾಗುವ ಮೊದಲೇ ಅದು ಇಲಾಖೆಯ ಮೇಜಿನ ಮೇಲಿರಬೇಕು.